ಅರ್ಥದ ಜೊತೆ ಉಚ್ಚಾರಣೆಯೂ ಇರಲಿ

ಮಾನ್ಯ ಸಂಪಾದಕರೇ,

ನಿಮ್ಮ ಪತ್ರಿಕೆಯಲ್ಲಿ ಬರುವ ಅಪರೂಪದ ಇಂಗ್ಲಿಷ್ ಪದಗಳ ಅಂಕಣವನ್ನು ಕತ್ತರಿಸಿ ತರಗತಿಗೆ ಒಯ್ಯುತ್ತೇನೆ. ಪ್ರೌಢಶಾಲೆಯಲ್ಲಿ ಇಂಗ್ಲಿಷ್ ಕಲಿಸುವವಳು ನಾನು. ಅಂಕಣದಲ್ಲಿ ಪದ ಇರುತ್ತದೆ, ಅರ್ಥವೂ ಇರುತ್ತದೆ. ಬಾಯಲ್ಲಿ ಹೇಗೆ ಹೇಳಬೇಕು ಅನ್ನುವುದು ಮಾತ್ರ ಇರುವುದಿಲ್ಲ. ಅಪರೂಪದ ಪದಗಳಿಗೇ ಅದು ಜಾಸ್ತಿ ಬೇಕು, ಅಲ್ವಾ? ದಿನಬಳಕೆಯ ಪದ ಹೇಗೋ ಕಿವಿಗೆ ಬೀಳುತ್ತದೆ. ಇವು ಬೀಳುವುದಿಲ್ಲ.

ಈಚೆಗೆ ಒಬ್ಬ ಹುಡುಗಿ 'ಎಪಿಟಮಿ' (epitome) ಬಳಸಿ ಚೆಂದದ ವಾಕ್ಯ ಬರೆದಿದ್ದಳು. ಒಂದು ಗುಣವೇ ಮೈತಾಳಿದ ಹಾಗೆ ಎಂಬ ಅರ್ಥ ಅವಳಿಗೆ ಸರಿಯಾಗಿ ಗೊತ್ತಿತ್ತು. ಗಟ್ಟಿಯಾಗಿ ಓದು ಎಂದರೆ 'ಎಪಿಟೋಮ್' ಎಂದಳು. 'ಹೋಮ್' (home) ಕಲಿತ ಮಗು ಇನ್ನೇನು ಓದೀತು? ಪದ ಗ್ರೀಕ್‌ನಿಂದ ಬಂದದ್ದು, ಕೊನೆಯ 'ಇ' ಅಕ್ಷರ ಅಲ್ಲಿ ಸುಮ್ನೆ ಕೂರುವುದಿಲ್ಲ. ಅತಿಶಯೋಕ್ತಿಗೆ ಹೇಳುವ 'ಹೈಪರ್ಬಲಿ'ಯೂ (hyperbole) ಹಾಗೆಯೇ. ಅದನ್ನು 'ಹೈಪರ್‌ಬೋಲ್' ಎಂದು ಓದುವವರೇ ಹೆಚ್ಚು. ಮಕ್ಕಳಿಗೆ ವ್ಯಾಕರಣದಲ್ಲಿ ಸಿಕ್ಕಿರುವ 'ಅಪಾಸ್ಟ್ರಫಿ'ಯ (apostrophe) ಪಕ್ಕ ಇವೆರಡನ್ನೂ ಬರೆದು ತೋರಿಸಿದೆ. ತಕ್ಷಣ ಹಿಡಿದುಕೊಂಡರು.

ಇಂಗ್ಲಿಷ್ ಕಾಗುಣಿತ ಹೀಗಾಗಲು ಕಾರಣಗಳಿವೆ. ಇಂಗ್ಲೆಂಡಿಗೆ ಅಚ್ಚುಯಂತ್ರ ಬಂದದ್ದು 1476ರಲ್ಲಿ. ಕಾಗುಣಿತ ನಿಧಾನವಾಗಿ ಗಟ್ಟಿಯಾಯಿತು, ಸ್ವರಗಳ ಉಚ್ಚಾರಣೆ ಮಾತ್ರ ಬದಲಾಗುತ್ತಲೇ ಹೋಯಿತು. ಇದರ ಮೇಲೆ ಪಂಡಿತರ ಕೈವಾಡ ಬೇರೆ. ಆರೋಪ ಹೊರಿಸು ಎಂಬ ಅರ್ಥದ 'ಇಂಡೈಟ್' (indict) ನೋಡಿ. ಅದರೊಳಗಿನ 'ಸಿ' ಅಕ್ಷರವನ್ನು ಲ್ಯಾಟಿನ್ ಮೂಲ ತೋರಿಸಲೆಂದು ಆಮೇಲೆ ತುರುಕಿದ್ದು. ಕಾಗದದ ಮೇಲೆ 'ಸಿ' ಬಂತು, ಬಾಯಿಗೆ ಬರಲೇ ಇಲ್ಲ.

ಹಾಗಾಗಿ ಅಂಕಣ ಬರೆಯುವವರಲ್ಲಿ ನನ್ನ ಕೋರಿಕೆ ಇಷ್ಟೇ. ಪ್ರತಿ ಪದದ ಮುಂದೆ ಉಚ್ಚಾರಣೆಯನ್ನು ಕನ್ನಡ ಲಿಪಿಯಲ್ಲಿ ಕೊಡಿ. ಬರೆದಂತೆ ಓದುವ ಲಿಪಿ ನಮ್ಮದು, ಈ ಕೆಲಸಕ್ಕೆ ಹೇಳಿ ಮಾಡಿಸಿದ ಹಾಗಿದೆ. ಅದರಲ್ಲಿ ಒತ್ತಿ ಹೇಳುವ ಜಾಗವೊಂದು ಕಾಣುವುದಿಲ್ಲ, ಆ ಭಾಗವನ್ನು ದಪ್ಪ ಅಕ್ಷರದಲ್ಲಿ ಅಚ್ಚು ಮಾಡಿದರೆ ಸಾಕು. 'ಎಪಿಟಮಿ'ಯಲ್ಲಿ 'ಪಿ' ದಪ್ಪ, 'ಹೈಪರ್ಬಲಿ'ಯಲ್ಲಿ 'ಪರ್' ದಪ್ಪ.

ಜೊತೆಗೆ ಒಂದೊಂದು ವಾಕ್ಯವನ್ನೂ ಕೊಡಿ. 'ನಾಯ್ಸಮ್' ಎಂಬ ಪದ ಕಂಡವರು ಗಲಾಟೆಗೆ ಸಂಬಂಧಿಸಿದ್ದು ಅಂದುಕೊಳ್ಳುತ್ತಾರೆ. ಅದರ ಅರ್ಥ ಗಬ್ಬು ನಾರುವ, ಅಸಹ್ಯವಾದ ಎಂದು. ಕೊಳೆತ ಕಸದ ಬಗ್ಗೆ ಒಂದು ವಾಕ್ಯ ಇದ್ದರೆ ಯಾರೂ ತಪ್ಪು ತಿಳಿಯುವುದಿಲ್ಲ. ಜಾಗ ಸಾಲದಿದ್ದರೆ ಪದಗಳ ಸಂಖ್ಯೆ ಕಡಿಮೆ ಮಾಡಿ, ಪರವಾಗಿಲ್ಲ.

– ಒಬ್ಬ ಇಂಗ್ಲಿಷ್ ಶಿಕ್ಷಕಿ