ಅತ್ತೆಗೆ, ಪಕ್ಕದ ಮನೆಯ ಅಜ್ಜಿಗೆ, ಮತ್ತೆ ಪಿ.ಡಿ. ಜೇಮ್ಸ್‌ಗೆ

ಎಲ್ಲರಿಗೂ ನಮಸ್ಕಾರ. ಕಳೆದ ಸೋಮವಾರ ಇವರು ಮತ್ತೆ ಕೆಲಸಕ್ಕೆ ಹೋದರು. ಇಪ್ಪತ್ತು ತಿಂಗಳಾದ ಮೇಲೆ. ಚಿತ್ರಾನ್ನದ ಡಬ್ಬಿ ಕೈಗೆ ಕೊಟ್ಟು, ಬಸ್ಸು ಮರೆಯಾಗುವವರೆಗೂ ಬಾಗಿಲಲ್ಲೇ ನಿಂತಿದ್ದೆ. ಆಮೇಲೆ ಒಳಗೆ ಬಂದು ಅತ್ತುಬಿಟ್ಟೆ.

ಇವರಿಗೆ ಆಗಿದ್ದು ಮನಸ್ಸಿನ ಕಾಯಿಲೆ. ಸುತ್ತಿ ಬಳಸಬೇಡ, ಇದ್ದಿದ್ದನ್ನು ಇದ್ದ ಹಾಗೇ ಬರಿ ಅಂತ ಇವರೇ ಹೇಳಿದ್ದಾರೆ.

ಲಂಡನ್ನಿನ ನಮ್ಮ ಕನ್ನಡದ ಗೆಳೆಯರೇ, ಏನಾಯ್ತು ಎತ್ತ ಅಂತ ಕೇಳದೆ ಬಾಗಿಲಿಗೆ ಬಿಸಿಬೇಳೆಬಾತ್ ಇಟ್ಟು ಹೋದವರು ನೀವು. ಥ್ಯಾಂಕ್ಸ್. ಯಾವ ಡಬ್ಬಿ ಯಾರದು ಅಂತ ಗೊತ್ತಾಗುತ್ತಿಲ್ಲ, ಬಂದು ಆರಿಸಿಕೊಳ್ಳಿ.

ಪಕ್ಕದ ಮನೆಯ ಇಂಗ್ಲಿಷ್ ಅಜ್ಜಿ ತಂದದ್ದು ಊಟವಲ್ಲ, ಪುಸ್ತಕ. ‘ಎ ಮೈಂಡ್ ಟು ಮರ್ಡರ್’. ಇಂಗ್ಲಿಷ್ ಲೇಖಕಿ ಪಿ.ಡಿ. ಜೇಮ್ಸ್ ಬರೆದ 1963ರ ಪತ್ತೇದಾರಿ ಕಾದಂಬರಿ. ಲಂಡನ್ನಿನ ಒಂದು ಮಾನಸಿಕ ಚಿಕಿತ್ಸಾಲಯದಲ್ಲಿ, ಹಳೇ ಫೈಲುಗಳ ಕೋಣೆಯಲ್ಲಿ, ಆಡಳಿತಾಧಿಕಾರಿಯ ಹೆಣ. ನಾನು ಕೆಲಸ ಮಾಡುವುದೂ ಆಸ್ಪತ್ರೆಯ ಫೈಲುಗಳ ನಡುವೆ! ಮನೆ ಇಂಥ ಸ್ಥಿತಿಯಲ್ಲಿರುವಾಗ ಕೊಡುವ ಪುಸ್ತಕವಾ ಇದು ಅಂತ ಸಿಟ್ಟು ಬಂತು. ರಾತ್ರಿ ಎರಡಕ್ಕೆ ಮುಗಿಸಿದೆ.

ಆಮೇಲೆ ಅಜ್ಜಿ ಜೇಮ್ಸ್ ಅವರ ಕಥೆ ಹೇಳಿದರು. ಹುಟ್ಟಿದ್ದು 1920ರಲ್ಲಿ, ಆಕ್ಸ್‌ಫರ್ಡ್‌ನಲ್ಲಿ. ಹದಿನಾರಕ್ಕೆ ಶಾಲೆ ಬಿಡಬೇಕಾಯಿತು. ಮದುವೆಯಾದದ್ದು ಡಾಕ್ಟರನ್ನು. ಎರಡನೇ ಮಹಾಯುದ್ಧಕ್ಕೆ ಹೋದ ಆತ ಮನಸ್ಸು ಕೆಡಿಸಿಕೊಂಡು ಬಂದ. ಆಮೇಲೆ ಬದುಕೆಲ್ಲ ಆಸ್ಪತ್ರೆಗೆ ಸೇರುವುದು, ಬರುವುದು, ಮತ್ತೆ ಸೇರುವುದು. ಪಿಂಚಣಿ ಸಿಗಲಿಲ್ಲ. ಇಬ್ಬರು ಹೆಣ್ಣುಮಕ್ಕಳು. ಜೇಮ್ಸ್ ಸಂಜೆ ತರಗತಿಗೆ ಹೋಗಿ ಆಸ್ಪತ್ರೆ ಆಡಳಿತ ಕಲಿತರು, 1949ರಲ್ಲಿ ಕೆಲಸಕ್ಕೆ ಸೇರಿದರು. ಬರೆಯುತ್ತಿದ್ದದ್ದು ಬೆಳಗ್ಗೆ, ಆಫೀಸಿಗೆ ಹೊರಡುವ ಮುಂಚೆ. ಪುರುಸೊತ್ತು ಅನ್ನುವುದು ಯಾವತ್ತೂ ಸಿಗುವುದಿಲ್ಲ ಅಂತ ಅವರಿಗೆ ಅರ್ಥವಾಗಿತ್ತು. ಮೊದಲ ಪುಸ್ತಕ ‘ಕವರ್ ಹರ್ ಫೇಸ್’ ಬಂದದ್ದು 1962ರಲ್ಲಿ, ನಲವತ್ತು ದಾಟಿದ ಮೇಲೆ. ಎರಡು ವರ್ಷಕ್ಕೆ ಗಂಡ ತೀರಿಕೊಂಡರು. ಆಮೇಲೂ ಆಕೆ ಕೆಲಸ ಬಿಡಲಿಲ್ಲ, 1979ರವರೆಗೆ ಸರ್ಕಾರಿ ನೌಕರಿ ಮಾಡಿದರು.

ಈ ಕಥೆಯಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಒಂದು ಸಣ್ಣ ವಿಷಯ. ಆ ಮಕ್ಕಳನ್ನು ನೋಡಿಕೊಳ್ಳಲು ಕೈಜೋಡಿಸಿದವರು ಗಂಡನ ಅಪ್ಪ ಅಮ್ಮ. ಬೆಳಗಿನ ಬರವಣಿಗೆಯನ್ನು ಎಲ್ಲರೂ ಹೊಗಳುತ್ತಾರೆ. ಅತ್ತೆಮಾವನ ಸುದ್ದಿ ಒಂದೇ ಸಾಲು.

ಹಾಗಾಗಿ ನನ್ನ ಅತ್ತೆಯ ಬಗ್ಗೆ ಒಂದು ಸಾಲಿಗಿಂತ ಜಾಸ್ತಿ ಬರೆಯುತ್ತೇನೆ. ಸಾಗರದಿಂದ ಆರು ತಿಂಗಳ ವೀಸಾದಲ್ಲಿ ಎರಡು ಸಲ ಬಂದರು. ಇಂಗ್ಲಿಷ್ ಬರುವುದಿಲ್ಲ, ಚಳಿ ಆಗುವುದಿಲ್ಲ. ಮಗನ ಪಕ್ಕ ಸುಮ್ನೆ ಕೂತು ಬೀನ್ಸ್ ಹೆಚ್ಚುತ್ತಿದ್ದರು. ಮಾತಾಡು ಅಂತ ಒಂದು ದಿನವೂ ಒತ್ತಾಯ ಮಾಡಲಿಲ್ಲ. ಅವರಿದ್ದರು ಅಂತ ನಾನು ಬೆಳಗ್ಗೆ ಐದಕ್ಕೆದ್ದು ಓದಿದೆ. ಕಾದಂಬರಿ ಏನೂ ಬರೆಯಲಿಲ್ಲ, ಆಫೀಸಿನ ಪರೀಕ್ಷೆ ಪಾಸು ಮಾಡಿದೆ.

ರಾತ್ರಿ ಅವರಿಗೆ ಜೇಮ್ಸ್ ಕಥೆಗಳನ್ನು ಕನ್ನಡದಲ್ಲಿ ಹೇಳುತ್ತಿದ್ದೆ. ಕವಿತೆ ಬರೆಯುವ ಪೊಲೀಸ್ ಅಧಿಕಾರಿ ಆಡಮ್ ಡಾಲ್‌ಗ್ಲೀಷ್ ಅಂದರೆ ಅವರಿಗೆ ಭಾರಿ ಕನಿಕರ. ಹೆಂಡತಿ ಬಾಣಂತನದಲ್ಲೇ ಹೋದಳು, ಮಗುವೂ ಉಳಿಯಲಿಲ್ಲವಲ್ಲ. ನರ್ಸಿಂಗ್ ಶಾಲೆಯಲ್ಲಿ ಕೊಲೆಯಾಗುವ ‘ಶ್ರೌಡ್ ಫಾರ್ ಎ ನೈಟಿಂಗೇಲ್’ನಲ್ಲಿ ಕೊಲೆಗಾರರನ್ನು ಅವನಿಗಿಂತ ಮೊದಲೇ ಹಿಡಿದರು. ನನಗೆ ಇಷ್ಟವಾದ 1992ರ ‘ದ ಚಿಲ್ಡ್ರನ್ ಆಫ್ ಮೆನ್’ ಮಾತ್ರ ಅವರಿಗೆ ಆಗಲಿಲ್ಲ. ಅದು ಪತ್ತೇದಾರಿ ಅಲ್ಲ, ವೈಜ್ಞಾನಿಕ ಕಾದಂಬರಿ. 1995ರ ನಂತರ ಭೂಮಿಯ ಮೇಲೆ ಒಂದು ಮಗುವೂ ಹುಟ್ಟಿಲ್ಲ. ಕಥೆ ನಡೆಯುವುದು 2021ರಲ್ಲಿ. ಹೆಂಗಸರು ತಳ್ಳುಗಾಡಿಯಲ್ಲಿ ಗೊಂಬೆ ಕೂರಿಸಿಕೊಂಡು ಓಡಾಡುತ್ತಾರೆ. ಅತ್ತೆ ಕೈ ಅಡ್ಡ ಹಿಡಿದರು. “ಸಾಕು ಮಾರಾಯ್ತಿ, ಇದು ಬೇಡ. ಕೊಲೆದು ಹೇಳು.” ಇವರು ನಕ್ಕರು. ಎಷ್ಟೋ ತಿಂಗಳ ನಂತರ ಕೇಳಿದ ನಗು ಅದು.

ಬರುವ ಗುರುವಾರ ಅತ್ತೆ ಊರಿಗೆ ಹೊರಡುತ್ತಾರೆ. ‘ಎ ಟೇಸ್ಟ್ ಫಾರ್ ಡೆತ್’ ಅರ್ಧಕ್ಕೆ ನಿಂತಿದೆ. ಚರ್ಚಿನ ಕೋಣೆಯಲ್ಲಿ ಎರಡು ಹೆಣ, ಒಬ್ಬ ಮಾಜಿ ಮಂತ್ರಿ, ಒಬ್ಬ ಬೀದಿಯವನು. ಉಳಿದದ್ದು ಫೋನಿನಲ್ಲಿ ಹೇಳುತ್ತೇನೆ ಅಂದಿದ್ದೇನೆ. ಸಾಗರದ ಕಡೆಯವರು ಯಾರಾದರೂ ಓದಿದ್ದರೆ ದಯವಿಟ್ಟು ಅವರಿಗೆ ಮುಂಚೆಯೇ ಹೇಳಿಬಿಡಬೇಡಿ.