ಭಾನುವಾರ ನಾಲ್ಕು ಗೋಪುರಗಳ ನಡಿಗೆ
ಎಲ್ಲರಿಗೂ ನಮಸ್ಕಾರ. ಭಾನುವಾರ ಬೆಳಿಗ್ಗೆ 6.30ಕ್ಕೆ ಬೆಂಗಳೂರಿನ ಲಾಲ್‌ಬಾಗ್ ಬಂಡೆಯ ಮೇಲಿನ ಕೆಂಪೇಗೌಡ ಗೋಪುರದ ಬಳಿ ಸೇರೋಣ. ಅಲ್ಲಿಂದ ಉಳಿದ ಮೂರು ಕೆಂಪೇಗೌಡ ಗೋಪುರಗಳಿರುವ ಕೆಂಪಾಂಬುಧಿ ಕೆರೆ, ಮೇಖ್ರಿ ವೃತ್ತ, ಕೊನೆಗೆ ಹಲಸೂರು ಕೆರೆ. ಸುಮಾರು 20 ಕಿಲೋಮೀಟರ್, ಪೂರ್ತಿ ಕಾಲ್ನಡಿಗೆ.

ಗೋಪುರಗಳು ನೆಪ ಮಾತ್ರ. ನೋಡಬೇಕಾದದ್ದು ನಡುವಿನ ಬೀದಿಗಳನ್ನು. ಚಾಮರಾಜಪೇಟೆಯ ಹಳೆಯ ಮನೆಗಳ ಜಗಲಿಗಳಲ್ಲಿ ಈಗ ಏನೇನು ನಡೆಯುತ್ತಿದೆ? ಅರಳಿಕಟ್ಟೆಯ ನಾಗರಕಲ್ಲುಗಳ ಪಕ್ಕ ಗಾಜು ಒಡೆದ ದೇವರ ಪಟಗಳನ್ನು ಯಾರು ಇಟ್ಟು ಹೋಗುತ್ತಾರೆ? ಮೆಜೆಸ್ಟಿಕ್ ಬಸ್ ನಿಲ್ದಾಣವಿರುವುದು ಈಗಿಲ್ಲದ ಧರ್ಮಾಂಬುಧಿ ಕೆರೆಯ ಅಂಗಳದಲ್ಲಿ. ಆ ಇಳಿಜಾರು ಕಾಲಿಗೆ ತಿಳಿಯುತ್ತದೆ, ಬಸ್ಸಿನಲ್ಲಿ ಕುಳಿತವರಿಗಲ್ಲ.

ಪಾದಚಾರಿ ಮಾರ್ಗ ಹಲವೆಡೆ ಹೆಸರಿಗಷ್ಟೇ, ಆದ್ದರಿಂದ ಶೂ ಹಾಕಿಕೊಂಡು ಬನ್ನಿ. ಹೆಜ್ಜೆ ಎಣಿಸುವ ಚಪಲವಿದ್ದವರು ಮೊಬೈಲನ್ನು ದಯವಿಟ್ಟು ಜೇಬಿನಲ್ಲೇ ಇಡಿ. ತಿಂಡಿ ದಾರಿಯಲ್ಲಿ. ಬರುವವರು ಶುಕ್ರವಾರದೊಳಗೆ ಇಲ್ಲಿಯೇ ತಿಳಿಸಿ.