ಬಸ್ಸು ಅಪ್ಪಳಿಸುವ ಮೊದಲಿನ ಹೋಗನ್

ಪ್ರಿಯ ಮಿತ್ರರೆ,

ಅಮೆರಿಕದ ಗಾಲ್ಫ್ ಆಟಗಾರ ಬೆನ್ ಹೋಗನ್ ಕುರಿತ ನಿಮ್ಮ ಲೇಖನದ ಕರಡನ್ನು ಎರಡು ಸಲ ಓದಿದೆ. 1949ರ ಫೆಬ್ರುವರಿ 2ರ ಬೆಳಿಗ್ಗೆ, ಟೆಕ್ಸಸ್‌ನ ವ್ಯಾನ್ ಹಾರ್ನ್ ಊರಿನ ಬಳಿ ಮಂಜು ಮುಸುಕಿದ ರಸ್ತೆಯಲ್ಲಿ ಗ್ರೇಹೌಂಡ್ ಬಸ್ಸು ಅವರ ಕಾರಿಗೆ ಎದುರಿನಿಂದ ಅಪ್ಪಳಿಸಿದ್ದನ್ನೂ, ಹೆಂಡತಿ ವ್ಯಾಲರಿಯನ್ನು ಉಳಿಸಲೆಂದು ಅವರು ಪಕ್ಕದ ಸೀಟಿನತ್ತ ಅಡ್ಡಬಿದ್ದುದನ್ನೂ ನೀವು ಅಬ್ಬರವಿಲ್ಲದೆ ಬರೆದಿದ್ದೀರಿ. ಆ ಪುಟದಲ್ಲಿ ನಾನು ಒಂದು ಪದವನ್ನೂ ತಿದ್ದಿಲ್ಲ. ಅದನ್ನು ಮೊದಲ ಪುಟವಾಗಿ ಇಟ್ಟಿದ್ದೀರಲ್ಲ, ನನ್ನ ತಕರಾರು ಅದಕ್ಕೆ.

ಅಲ್ಲಿಂದ ಓದಲು ತೊಡಗಿದವರು ಹೋಗನ್ ಎಂಬ ಆಟಗಾರನನ್ನು ರೂಪಿಸಿದ್ದೇ ಅಪಘಾತ ಎಂದು ನಂಬಿಬಿಡುತ್ತಾರೆ. ಅಷ್ಟು ಹೊತ್ತಿಗಾಗಲೇ ಅವರು ಗಾಲ್ಫ್‌ನ ನಾಲ್ಕು ಪ್ರಮುಖ ಟೂರ್ನಿಗಳ ಪೈಕಿ 1946ರಲ್ಲಿ ಪಿಜಿಎ ಚಾಂಪಿಯನ್‌ಷಿಪ್ ಅನ್ನೂ 1948ರಲ್ಲಿ ಪಿಜಿಎ ಮತ್ತು ಯುಎಸ್ ಓಪನ್ ಎರಡನ್ನೂ ಗೆದ್ದಾಗಿತ್ತು. ಬರಹಗಾರನನ್ನು ಕಾಡಬೇಕಾದ ಪ್ರಶ್ನೆ ಬೇರೆಯೇ ಇದೆ: 1930ರಲ್ಲಿ, 17ನೆಯ ವಯಸ್ಸಿನಲ್ಲಿ ವೃತ್ತಿಪರರಾದವರಿಗೆ ಒಬ್ಬರೇ ಆಡಿ ಒಂದು ಟೂರ್ನಿ ಗೆಲ್ಲಲು 1940ರ ಮಾರ್ಚ್‌ವರೆಗೆ, ಉತ್ತರ ಕ್ಯಾರೊಲಿನಾದ ಪೈನ್‌ಹರ್ಸ್ಟ್‌ನ ಟೂರ್ನಿಯವರೆಗೆ ಕಾಯಬೇಕಾಗಿ ಬಂದದ್ದು ಏಕೆ? ಆ ಹತ್ತು ವರ್ಷಗಳನ್ನು ನೀವು ‘ಸಂಘರ್ಷದ ದಿನಗಳು’ ಎಂದು ಒಂದೇ ಸಾಲಿನಲ್ಲಿ ದಾಟಿಸಿದ್ದೀರಿ. ಒಳಗೆ ಏನಿದೆ ಎಂದು ನೋಡುವ ತಾಳ್ಮೆ ಇಲ್ಲದಾಗ ನಾವು ಬಳಸುವ ಪದ ಅದು. ನಾನೂ ಬೇಕಾದಷ್ಟು ಬಳಸಿದ್ದೇನೆ.

ಒಳಗಿದ್ದದ್ದು ಹುಕ್. ಬಲಗೈ ಆಟಗಾರ ಹೊಡೆದ ಚೆಂಡು ಚೆನ್ನಾಗಿಯೇ ಹೊರಟು, ಕೊನೆಯಲ್ಲಿ ರಭಸವಾಗಿ ಎಡಕ್ಕೆ ತಿರುಗಿ, ನೆಲ ಮುಟ್ಟಿದ ಮೇಲೂ ಉರುಳುತ್ತ ಹೋಗಿ ಮರಗಳ ನಡುವೆ ಸೇರಿಕೊಳ್ಳುವುದಕ್ಕೆ ಈ ಹೆಸರು. ಗಾಲ್ಫ್ ಆಡದ ಓದುಗರಿಗೂ ಇದನ್ನು ಇಷ್ಟು ಬಿಡಿಸಿ ಹೇಳಿದರೆ ಸಾಕು, ಕ್ರಿಕೆಟ್ಟಿನ ಹೋಲಿಕೆ ಬೇಕಾಗಿಲ್ಲ. ಅಲ್ಲಿ ಹುಕ್ ಎಂದರೆ ಬೇರೆಯೇ ಹೊಡೆತ. ಎಡಗೈಯ ಹಿಡಿತವನ್ನು ಬದಲಿಸುತ್ತ, ಮೈದಾನದ ಅಂಚಿನಲ್ಲಿ ಗಂಟೆಗಟ್ಟಲೆ ಒಬ್ಬರೇ ನಿಂತು ಅಭ್ಯಾಸ ಮಾಡುತ್ತ, ಗುರಿಯ ತುಸು ಎಡಕ್ಕೆ ಹೊರಟು ಮೆಲ್ಲನೆ ಬಲಕ್ಕೆ ಬಾಗಿ ಬಿದ್ದಲ್ಲಿಯೇ ನಿಲ್ಲುವಂಥ ಫೇಡ್ ಎಂಬ ಹೊಡೆತವನ್ನು ಅವರು ವಶಪಡಿಸಿಕೊಂಡರು. ಕೈಯಲ್ಲಿ ಕಾಸಿಲ್ಲದ ಕಾಲ ಅದು. 1938ರಲ್ಲಿ ಓಕ್‌ಲೆಂಡ್‌ನಲ್ಲಿ ಬೆಳಿಗ್ಗೆ ಎದ್ದು ನೋಡಿದರೆ ಕಳ್ಳರು ಕಾರಿನ ಚಕ್ರಗಳನ್ನೇ ಬಿಚ್ಚಿಕೊಂಡು ಹೋಗಿದ್ದರು. ಇದು ನಿಮ್ಮ ಕರಡಿನಲ್ಲಿ ಇಲ್ಲದಿರುವುದು ನನಗೆ ಆಶ್ಚರ್ಯ ತಂದಿತು.

ಅದೇ ಕಾಲದ ಗಾಲ್ಫ್ ಆಟಗಾರ ಬೈರನ್ ನೆಲ್ಸನ್ ಅವರಿಗೂ ನೀವು ಜಾಗ ಕೊಟ್ಟಿಲ್ಲ. ಇಬ್ಬರೂ 1912ರಲ್ಲಿ ಹುಟ್ಟಿದವರು, ಫೋರ್ಟ್ ವರ್ತ್‌ನ ಗ್ಲೆನ್ ಗಾರ್ಡನ್ ಕ್ಲಬ್ಬಿನಲ್ಲಿ ಪರರ ಚೀಲ ಹೊತ್ತ ಕ್ಯಾಡಿಗಳು. 1927ರ ಕ್ರಿಸ್ಮಸ್ ವೇಳೆ ಅಲ್ಲಿ ನಡೆದ ಕ್ಯಾಡಿಗಳ ಪಂದ್ಯದಲ್ಲಿ ನೆಲ್ಸನ್ ಒಂದೇ ಹೊಡೆತದ ಅಂತರದಿಂದ ಹೋಗನ್ ಅವರನ್ನು ಸೋಲಿಸಿದರು. 1945ರಲ್ಲಿ ಸತತ 11 ಟೂರ್ನಿಗಳನ್ನೂ ಒಟ್ಟು 18 ಟೂರ್ನಿಗಳನ್ನೂ ಗೆದ್ದ ನೆಲ್ಸನ್, 1946ರ ಕೊನೆಗೆ, 34ನೆಯ ವಯಸ್ಸಿನಲ್ಲಿ, ಪೂರ್ಣಾವಧಿಯ ಆಟವನ್ನು ಬಿಟ್ಟು ದನ ಸಾಕಲು ಹೊರಟರು. ಅದೇ ವರ್ಷ, ಅದೇ ವಯಸ್ಸಿನಲ್ಲಿ ಹೋಗನ್ ತಮ್ಮ ಮೊದಲ ಪ್ರಮುಖ ಪ್ರಶಸ್ತಿ ಗೆದ್ದರು. ಇಬ್ಬರನ್ನೂ ಅಕ್ಕಪಕ್ಕ ನಿಲ್ಲಿಸಿ, ಸುಮ್ಮನಿರಿ, ವ್ಯಾಖ್ಯಾನ ಬೇಡ.

ಹೋಗನ್ ಅವರ ತಂದೆಯ ವಿಚಾರದಲ್ಲಿಯೂ ಇದೇ ಮಾತು ಹೇಳುತ್ತೇನೆ. ಕಮ್ಮಾರರಾಗಿದ್ದ ಅವರು 1922ರಲ್ಲಿ, ಮಗನಿಗೆ ಒಂಬತ್ತು ವರ್ಷವಿದ್ದಾಗ, ಆತ್ಮಹತ್ಯೆ ಮಾಡಿಕೊಂಡರು. ಹೋಗನ್ ಅವರ ಮೌನಕ್ಕೆಲ್ಲ ಅದೇ ಕಾರಣವೆಂದು ನೀವು ತೀರ್ಪು ಕೊಟ್ಟಿದ್ದೀರಿ. ಸಂಗತಿಯನ್ನು ಹೇಳಿ ಮುಂದೆ ಹೋಗಿ.

ಇನ್ನು 1950ರ ಯುಎಸ್ ಓಪನ್ ನಡೆದ ಮೆರಿಯನ್ ಕ್ಲಬ್ಬಿನ ಭಾಗ. ಅಪಘಾತದ ನಂತರ ರಕ್ತದ ಗಡ್ಡೆಗಳು ಶ್ವಾಸಕೋಶಕ್ಕೆ ಹೋಗದಂತೆ ತಡೆಯಲು, ನ್ಯೂ ಆರ್ಲಿಯನ್ಸ್‌ನಿಂದ ಬಂದ ಶಸ್ತ್ರವೈದ್ಯ ಆಲ್ಟನ್ ಆಕ್ಸ್‌ನರ್ ಅವರು, ಕಾಲುಗಳಿಂದ ಹೃದಯಕ್ಕೆ ರಕ್ತ ಒಯ್ಯುವ ದೊಡ್ಡ ಅಭಿಧಮನಿಯನ್ನೇ ಕಟ್ಟಿದ್ದರು. ಕಾಲುಗಳು ಊದುತ್ತಿದ್ದುದು ಅದರಿಂದ. ‘ಇಚ್ಛಾಶಕ್ತಿ’ ಎಂಬ ನಿಮ್ಮ ಪದಕ್ಕಿಂತ ಈ ವಿವರಕ್ಕೆ ತೂಕ ಹೆಚ್ಚು. ಅಂಥ ಕಾಲುಗಳ ಮೇಲೆ ಅವರು ಯುಎಸ್ ಓಪನ್‌ನ ಕೊನೆಯ ದಿನ 36 ಹೋಲ್‌ಗಳನ್ನು, ಅಂದರೆ ಎರಡು ಪೂರ್ತಿ ಸುತ್ತುಗಳನ್ನು ಆಡಿದರು (ಚೆಂಡನ್ನು ಕುಳಿಗೆ ಸೇರಿಸಿ ಮುಗಿಸುವ ಒಂದೊಂದು ಹಂತವೂ ಒಂದು ಹೋಲ್). ಕೊನೆಯ ಹೋಲ್‌ನಲ್ಲಿ ಒಂದನೇ ನಂಬರಿನ ಕಬ್ಬಿಣದ ಕೋಲಿನಿಂದ ಹೊಡೆದ ಹೊಡೆತದ ಹೈ ಪೆಸ್ಕಿನ್ ಅವರ ಫೋಟೋ ಜಗತ್ಪ್ರಸಿದ್ಧವಾಯಿತು. ‘ಆ ಹೊಡೆತದಿಂದ ಗೆದ್ದರು’ ಎಂದಿದ್ದೀರಿ, ಅದು ತಪ್ಪು. ಆ ಹೊಡೆತ ಚೆಂಡನ್ನು ಗ್ರೀನ್‌ಗೆ, ಅಂದರೆ ಕುಳಿಯ ಸುತ್ತಲಿನ ನುಣುಪು ಹುಲ್ಲಿಗೆ ಮುಟ್ಟಿಸಿತು, ಅವರು ಎರಡು ಪಟ್‌ಗಳಲ್ಲಿ, ಅಂದರೆ ಚೆಂಡನ್ನು ಉರುಳಿಸುವ ಮೆಲು ಹೊಡೆತಗಳಲ್ಲಿ ಮುಗಿಸಿ ಸಮಬಲ ಸಾಧಿಸಿದರು, ಅಷ್ಟೇ. ಗೆದ್ದದ್ದು ಸಮಬಲರಾದ ಮೂವರ ನಡುವೆ ಮರುದಿನ ನಡೆದ 18 ಹೋಲ್‌ಗಳ ಪ್ಲೇ-ಆಫ್‌ನಲ್ಲಿ, ಕಡಿಮೆ ಹೊಡೆತಗಳಲ್ಲಿ ಮುಗಿಸಿ: ಹೋಗನ್ 69, ಲಾಯ್ಡ್ ಮ್ಯಾಂಗ್ರಮ್ 73, ಜಾರ್ಜ್ ಫಾಜಿಯೊ 75. ಮರುದಿನವೂ ಅದೇ ಕಾಲುಗಳ ಮೇಲೆ ಅಷ್ಟು ದೂರ ನಡೆಯಬೇಕಾಯಿತು ಎಂಬುದು ಫೋಟೋದಲ್ಲಿ ಕಾಣುವುದಿಲ್ಲ. ನಿಮ್ಮ ಬರಹದಲ್ಲಿ ಕಾಣಬೇಕು.

1953ರ ಭಾಗ ಚೆನ್ನಾಗಿದೆ. ಮಾಸ್ಟರ್ಸ್, ಯುಎಸ್ ಓಪನ್, ಬ್ರಿಟಿಷ್ ಓಪನ್ ಮೂರನ್ನೂ ಗೆದ್ದವರು ನಾಲ್ಕನೆಯದಾದ ಪಿಜಿಎಯನ್ನು ಏಕೆ ಆಡಲಿಲ್ಲ ಎಂದು ಓದುಗರು ಕೇಳಿಯೇ ಕೇಳುತ್ತಾರೆ. ಬ್ರಿಟಿಷ್ ಓಪನ್‌ನೊಂದಿಗೆ ದಿನಾಂಕಗಳು ತಾಕಲಾಡುತ್ತಿದ್ದವು. ಮೇಲಾಗಿ ಒಬ್ಬೊಬ್ಬರನ್ನೇ ಎದುರಿಸಿ ದಿನಕ್ಕೆ 36 ಹೋಲ್‌ಗಳವರೆಗೆ ಆಡಬೇಕಿದ್ದ ಆ ಪಂದ್ಯಾವಳಿಯಿಂದ ಅವರು ಅಪಘಾತದ ನಂತರ ದೂರವೇ ಉಳಿದಿದ್ದರು. ಆ ಬ್ರಿಟಿಷ್ ಓಪನ್ ನಡೆದದ್ದು ಸ್ಕಾಟ್ಲೆಂಡಿನ ಕಾರ್ನುಸ್ಟಿಯಲ್ಲಿ; ಆ ಟೂರ್ನಿಯನ್ನು ಅವರು ಆಡಿದ್ದು ಅದೊಂದೇ ಸಲ, ಅಮೆರಿಕದ್ದಕ್ಕಿಂತ ಚಿಕ್ಕದಾದ ಚೆಂಡಿನಲ್ಲಿ. ಸುತ್ತುಗಳ ಅಂಕಗಳನ್ನು ಹಾಗೆಯೇ ಕೊಡಿ: 73, 71, 70, 68. ಕೊನೆಯ ಎರಡು ಸುತ್ತುಗಳು ಒಂದೇ ದಿನದವು.

ಲೇಖನವನ್ನು ನೀವು 1997ರ ಮರಣದೊಂದಿಗೆ ಮುಗಿಸಿದ್ದೀರಿ. 1960ರ ಯುಎಸ್ ಓಪನ್‌ನಲ್ಲಿ, ಡೆನ್ವರ್ ಬಳಿಯ ಚೆರಿ ಹಿಲ್ಸ್‌ನಲ್ಲಿ, ಕೊನೆಯ ಸುತ್ತಿನ 17ನೆಯ ಹೋಲ್‌ನಲ್ಲಿ ನಿಲ್ಲಿಸಿದರೆ ಹೇಗೆ? ಆಗ ಹೋಗನ್‌ಗೆ 47 ವರ್ಷ. ಜೊತೆಯಲ್ಲಿ ಆಡುತ್ತಿದ್ದವರು 20 ವರ್ಷದ ಹವ್ಯಾಸಿ ಜಾಕ್ ನಿಕ್ಲಸ್. ಗೆಲುವು ಇನ್ನೂ ಕೈಗೆಟಕುವಷ್ಟು ಹತ್ತಿರವಿತ್ತು. ಹೋಗನ್ ಹೊಡೆದ ಚೆಂಡು ಗ್ರೀನ್ ಮುಂದಿನ ನೀರಿಗೆ ಹಿಂದುರುಳಿತು, ಅವರು ಒಂದು ಬೂಟು ಕಳಚಿಟ್ಟು ಆ ಚೆಂಡನ್ನು ಹೊಡೆಯಲು ನೀರಿಗೆ ಇಳಿದರು.

ತಿದ್ದಿದ ಪ್ರತಿಯನ್ನು ಕಳುಹಿಸಿಕೊಡಿ. ಅಪಘಾತದ ಪುಟವನ್ನು ಮಾತ್ರ ಹಾಗೆಯೇ ಇಡಿ, ಒಳಗೆಲ್ಲಾದರೂ.

ವಿಶ್ವಾಸದಿಂದ,
ನಿಮ್ಮ ಹಿರಿಯ ಗೆಳೆಯ